ಸದ್ದಿಲ್ಲದ ಸಿನಿಮಾ

ಮಸ್ತಾನಸಾಬ ಕಾಲುವೆ ಗೇಟಿನ ಹಿಡಿಕೆಯನ್ನು ಒಂದು ಸುತ್ತು ತಿರುಗಿಸಿದ್ದನಷ್ಟೇ, ಹಣಮಮ್ಮ ಏದುಸಿರು ಬಿಡುತ್ತ ಏರಿ ಹತ್ತಿ ಬಂದಳು.

“ಅಣ್ಣಾ, ನಮ್ಮ ರತ್ನಾ ಈ ಕಡಿ ಬಂದಾಳೇನ್ರಿ? ಮುಂಜಾನಿಂದ ಮನ್ಯಾಗಿಲ್ಲ.”

“ಇಲ್ಲವ್ವ ತಂಗಿ. ನೀರು ಬಿಡೂಕಿಂತ ಮದಲ ಪೈಪಿನಾಗ ಮೂರು ಸಲ ಕೂಗೇನಿ. ಒಂದು ಆಡಿನ ಮರಿನೂ ಓ ಅಂದಿಲ್ಲ.”

ಅದು ಅವನ ಪದ್ಧತಿ. ಬೇಸಗೆಯಲ್ಲಿ ಕಾಲುವೆ ಒಣಗಿದರೆ, ರಸ್ತೆಯಡಿ ಬಾಗಿ ಹೋಗುವ ಆ ದೊಡ್ಡ ಸಿಮೆಂಟ್ ಪೈಪು ಶಿರವಾಳದ ಮಕ್ಕಳಿಗೂ ಮರಿಗಳಿಗೂ ತಣ್ಣನೆಯ ಮನೆ. ಕೂಗದೆ ಅವನು ಎಂದೂ ಗೇಟು ಎತ್ತಿದವನಲ್ಲ. ಹಣಮಮ್ಮ ತಾನೂ ಬಗ್ಗಿ “ರತ್ನೀ!” ಎಂದು ಕಿರುಚಿದಳು. ಮರಳಿ ಬಂದದ್ದು ಅವಳದೇ ದನಿ. ಇಲ್ಲಿಲ್ಲವೆಂದು ತಿರುಗುವಾಗ ಕಲ್ಲಿನ ಮರೆಯಲ್ಲಿ ಜೋಡಿಸಿಟ್ಟ ಎರಡು ಪುಟ್ಟ ಚಪ್ಪಲಿ ಕಂಡವು.

ಅವು ರತ್ನಾಳವೇ. “ಗೇಟು ಮುಚ್ರಿ ಅಣ್ಣಾ!”

ಜಿನುಗಿದ ನೀರು ಆಗಲೇ ಪೈಪಿನ ಬಾಯಿ ಮುಟ್ಟಿತ್ತು. ಮಸ್ತಾನಸಾಬ ಹಿಡಿಕೆಗೆ ಜೋತುಬಿದ್ದ. ಹಣಮಮ್ಮ ಸೀರೆ ಎತ್ತಿ ಸಿಕ್ಕಿಸಿಕೊಂಡು ಒಳಗೆ ತೆವಳಿದಳು. ತಿರುವಿನಾಚೆ, ಅತ್ತಲಿಂದ ಬೀಳುವ ಬೆಳಕಿನಲ್ಲಿ, ಆರು ವರ್ಷದ ಮಗಳು ಕುಕ್ಕರುಗಾಲಲ್ಲಿ ಕೂತಿದ್ದಳು. ಎದುರಿಗೊಂದು ಬಲೆ, ಬಲೆಯಲ್ಲಿ ಹೆಸರುಕಾಳಿನಷ್ಟು ಜೇಡ. ಹಣಮಮ್ಮ ಮಗಳ ರಟ್ಟೆ ಹಿಡಿದು ದರದರ ಹೊರಗೆ ಎಳೆದು ತಂದಳು.

“ಅಷ್ಟು ಕೂಗಿದ್ರ ಓ ಅನ್ನಾಕ ಏನಾಗಿತ್ತ ನಿನಗ?”

“ಅಂದೆನಲ್ಲವ್ವಾ! ನಿನ್ನಿ ಸಿನಿಮಾದಾಗ ಆ ಹುಡುಗಿ ಜ್ಯಾಡದ ಮುಂದ ಕುಂತು ಮಾತಾಡ್ತಿದ್ಲಲ್ಲ, ಹಂಗ.” ರತ್ನಾ ಸದ್ದಿಲ್ಲದೆ ತುಟಿ ಆಡಿಸಿ ತೋರಿಸಿದಳು. “ದನಿ ಬಂದ್ರ ಅದು ಓಡಿ ಹೋಗ್ತದವ್ವ.”

ನಿನ್ನೆ ಸಂಜೆ ಊರೂರು ತಿರುಗುವ ಸಿನಿಮಾ ವ್ಯಾನಿನವರು ಶಾಲೆಯ ಗೋಡೆಯ ಮೇಲೆ ಹಳೇ ಕಾಲದ ಮೂಕಿ ಚಿತ್ರವೊಂದನ್ನು ತೋರಿಸಿದ್ದರು. ಒಂದು ಮಗು ಜೇಡ ನೋಡುತ್ತದೆ, ತುಟಿ ಆಡಿಸುತ್ತದೆ, ಅಷ್ಟೇ. ಹಾಡಿಲ್ಲ, ಮಾತಿಲ್ಲ, ಇದೂ ಒಂದು ಸಿನಿಮಾವೇ ಎಂದು ಹಣಮಮ್ಮ ಅರ್ಧಕ್ಕೇ ಎದ್ದು ಬಂದಿದ್ದಳು. ರತ್ನಾ ಕಣ್ಣು ಮಿಟುಕಿಸದೆ ಕೊನೆಯವರೆಗೂ ಕೂತಿದ್ದಳು.

ಮೈಮೇಲೆ ಬಿಸಿನೀರು ಹೊಯ್ದಂತೆ ಬೈಯಬೇಕೆಂದು ಹಣಮಮ್ಮ ಬಾಯಿ ತೆರೆದಳು. ಮಗಳು ಸಿಕ್ಕಳೆಂಬ ಸಮಾಧಾನಕ್ಕೆ ತುಟಿಗಳಷ್ಟೇ ಅಲುಗಿದವು, ದನಿ ಹೊರಡಲಿಲ್ಲ.

ರತ್ನಾಳ ಮುಖ ಅರಳಿತು.

“ಹಾಂ, ಹಂಗ ನೋಡವ್ವಾ! ಈಗ ನಿನಗೂ ಬಂತು.”