ಬಂಡೆಯಂಚಿನ ಊರಿನ ಹೆಸರು

ಈಗಲೂ ತೆಂಗಿನೆಣ್ಣೆ ಬಿಸಿಯಾಗುವ ವಾಸನೆ ಬಂದರೆ ಕೊಲ್ಲಿ ನಾಡಿನ ಬುಸೈತೀನಿನಲ್ಲಿದ್ದ ನಮ್ಮ ಫ್ಲಾಟಿನ ಒಂದು ಮಧ್ಯಾಹ್ನ ನೆನಪಾಗುತ್ತದೆ. ಬಾಣಂತನಕ್ಕೆಂದು ಮಂಗಳೂರಿನಿಂದ ಬಂದಿದ್ದ ಅಜ್ಜಿ, ಪಪ್ಪನ ಅಮ್ಮ, ನೆಲದ ಮೇಲೆ ಕಾಲು ಚಾಚಿ ಕುಳಿತು, ನನ್ನ ತಮ್ಮನನ್ನು ಕಾಲ ಮೇಲೆ ಮಲಗಿಸಿ ಎಣ್ಣೆ ತಿಕ್ಕುತ್ತಿದ್ದರು. ಶುಕ್ರವಾರ ಚರ್ಚಿನಲ್ಲಿ ಅವನಿಗೆ ಹೆಸರಿಡುವುದಿತ್ತು. ನಮ್ಮಲ್ಲಿ ಮೊದಲ ಗಂಡುಮಗುವಿಗೆ ಅಜ್ಜನ ಹೆಸರು. ಪಪ್ಪ ಮಾತ್ರ ಕ್ಲಿಫ್ಟನ್ ಎಂದು ನಿರ್ಧರಿಸಿದ್ದರು.

"ಹಾಗಂದ್ರೆ ಎಂತ ಮಗಾ?" ಅಜ್ಜಿ ಕೇಳಿದರು.

ಪಪ್ಪ ಫೋನು ನೋಡಿ ಹೇಳಿದರು: "ಇಂಗ್ಲೆಂಡಿನಲ್ಲಿ ಆ ಹೆಸರಿನ ಊರುಗಳುಂಟು ಅಮ್ಮ. ಬಂಡೆಯಂಚಿನ ಊರು ಅಂತ ಅರ್ಥ. ಮೊದಲು ಅಲ್ಲಿಯವರ ಮನೆತನದ ಹೆಸರಾಯ್ತು, ಆಮೇಲೆ ಗಂಡುಮಕ್ಕಳಿಗೆ ಇಡ್ಲಿಕ್ಕೆ ಶುರು ಮಾಡಿದ್ರು."

ನಾನು ಕಿಟಕಿಯಾಚೆ ನೋಡಿದೆ. ಅಲ್ಲಿ ಎತ್ತರದ್ದೆಂದರೆ ನೀರಿನ ಟ್ಯಾಂಕುಗಳು ಮಾತ್ರ.

"ಆ ಊರಲ್ಲಿ ನಮ್ಮವರು ಯಾರಾದ್ರೂ ಇದ್ದಾರಾ?" ಅಜ್ಜಿ ಮತ್ತೆ ಕೇಳಿದರು.

"ಇಲ್ಲ. ಹೆಸರು ಚಂದ ಉಂಟಲ್ಲ, ಅದಕ್ಕೆ."

ಅಜ್ಜಿ ಮಗುವಿನ ಮೊಣಕಾಲು ನೀವಿದರು. "ಇರ್ಲಿ. ನಿನ್ನ ಅಪ್ಪನ ಹೆಸರು ನಾನು ಒಂದು ದಿನವೂ ಬಾಯಲ್ಲಿ ಹೇಳಿದವಳಲ್ಲ. 'ಹೋಯ್, ಕೇಳಿತಾ' ಅಂತಲೇ ಕರೆದದ್ದು. ಮೊಮ್ಮಗನಿಗೆ ಇಟ್ರೆ ಬಾಯಿತುಂಬ ಕರೀಬಹುದಿತ್ತು."

ಪಪ್ಪ ಎದ್ದು ಹೋಗಿ ಏಸಿ ಕಡಿಮೆ ಮಾಡಿದರು.

ಶುಕ್ರವಾರ ತಮ್ಮ ಕ್ಲಿಫ್ಟನ್ ಆದ. ಮರುದಿನ ಎಣ್ಣೆ ತಿಕ್ಕಿಸಿಕೊಳ್ಳುವಾಗ ಅವನು ಒಂದೇ ಸಮನೆ ಒದೆಯುತ್ತಿದ್ದ. ಅಜ್ಜಿ ಅವನ ಮುಖದ ಹತ್ತಿರ ಬಗ್ಗಿ, ಸೆರಗು ಸರಿಮಾಡಿಕೊಂಡು, ಮೆಲ್ಲನೆ ಹೇಳಿದರು:

"ಹೋಯ್, ಕೇಳಿತಾ? ಸ್ವಲ್ಪ ಕಾಲು ನೀಡಿ."