ತಂತಿಗೆ ತೊಡಿಸಿದ ಬಟ್ಟೆ

ತಿಂಗಳ ಹಿಂದಷ್ಟೇ ತಾರಸಿಗೆ ಬಂದ ಹೊಸ ಸೋಲಾರ್ ಪ್ಯಾನೆಲ್ಲನ್ನು ಒರೆಸುತ್ತಾ ಅದರಡಿಗೆ ಕೈ ಹಾಕಿದ ಟೈಲರಮ್ಮನ ಬೆರಳಿಗೆ ಬಟ್ಟೆ ತಾಕಿತು. ಬಗ್ಗಿ ನೋಡಿದಳು. ತಂತಿಯ ಸುತ್ತ ನೀಲಿ ಜೀನ್ಸಿನ ತುಂಡು, ಉದ್ದಕ್ಕೂ ಕೆಂಪು ದಾರದ ಹೊಲಿಗೆ, ಕೊನೆಯಲ್ಲಿ ಮೂರು ಸುತ್ತಿನ ಗಂಟು.

ಆ ಗಂಟು ಅವಳದೇ. ಹೋದ ವರ್ಷ ತಮ್ಮನ ಮನೆಯ ಪ್ಯಾನೆಲ್ಲಿನ ತಂತಿಯನ್ನು ಇಲಿಗಳು ಕಡಿಯುತ್ತಿವೆ ಎಂದು ಅವನು ಗೋಳಾಡಿದಾಗ, ಹಳೇ ಪ್ಯಾಂಟ್ ಕತ್ತರಿಸಿ, ಅವನ ತಾರಸಿಯ ಬಿಸಿಲಲ್ಲಿ ಕೂತು ಕೈಯಲ್ಲೇ ಹೊಲಿದು ತೊಡಿಸಿ ಬಂದಿದ್ದಳು. "ನೀನೂ ಹಾಕಿಸ್ಕೋ ಅಕ್ಕಾ, ಕರೆಂಟ್ ಬಿಲ್ಲಿನ ಕಾಟ ತಪ್ಪುತ್ತೆ. ಅಂಗಡಿಯವ್ರು ನಂಗೆ ಗೊತ್ತು, ಎಲ್ಲಾ ನಾನೇ ನೋಡ್ಕೋತೀನಿ" ಎಂದು ಬೆನ್ನು ಬಿದ್ದವನೂ ಅವನೇ. ಹೊಸ ಪ್ಯಾನೆಲ್ಲಿನ ಪೂರ್ತಿ ದುಡ್ಡು ಅವನ ಕೈಗಿಡಲು ಅವಳು ತನ್ನ ಕಸೂತಿ ಮೆಷಿನ್ನನ್ನೇ ಮಾರಿದ್ದಳು.

"ಮೆಲ್ಲಗೆ ಒರೆಸಕ್ಕಾ! ಹೊಸಾ ಮಾಲು, ಗೀರು ಬಿದ್ದೀತು!" ಅಂಗಳದಿಂದ ತಮ್ಮ ಕೂಗಿದ.

ಕೊರಳಲ್ಲಿ ನೇತಾಡುತ್ತಿದ್ದ ಚಿಕ್ಕ ಕತ್ತರಿಯಿಂದ ಅವಳು ಹೊಲಿಗೆ ಬಿಚ್ಚಿದಳು. ಬಟ್ಟೆಯನ್ನು ಮುಷ್ಟಿಯಲ್ಲಿ ಹಿಡಿದು ಮೆಟ್ಟಿಲಿಳಿದು ಬಂದು ಕೇಳಿದಳು: "ನಿಮ್ಮನೇದು ಹೇಗಿದೆಯೋ?"

"ನಮ್ದಾ? ಇಷ್ಟು ವರ್ಷ ಆದ್ರೂ ನಿನ್ನೆ ತಂದ ಹಾಗೆ ಹೊಳೀತಿದೆ ನೋಡು!"

ಅವಳು ಬಟ್ಟೆಯನ್ನು ಅವನ ಕೈಗಿಟ್ಟಳು. "ತಗೋ, ಅದಕ್ಕೆ ತೊಡಿಸು. ಹೊಸಾ ತಂತಿ, ಇಲಿ ಕಡಿದೀತು."