ಮೊದಲ ದೃಶ್ಯ

ಮೇಕಪ್ ಕೋಣೆಯ ಬಾಗಿಲಿಗೆ ಕಿವಿಯಿಟ್ಟ ನಿರ್ದೇಶಕನಿಗೆ ಕೇಳಿಸಿದ್ದು ಗೊರಕೆ ಮಾತ್ರ.

ಒಳಗಿದ್ದವರು ಅಕ್ಕ, ತಮ್ಮ. ತಮ್ಮ ಚಿತ್ರದ ನಾಯಕ. ಅವನಿಗೆ ಮೇಕಪ್ ಮಾಡುವವಳು ಅಕ್ಕ; ಸೆಟ್ಟಿನಲ್ಲಿ ಎಲ್ಲರಿಗೂ ಅವಳು ಅಕ್ಕನೇ. ಚಿತ್ರದ ಕಥೆ ಇಷ್ಟೇ: ಒಂಟಿ ಮನುಷ್ಯನೊಬ್ಬ ಬದುಕಿರುವಾಗಲೇ ಕೊಳೆಯುತ್ತ ಹೋಗುತ್ತಾನೆ.

ದಿನಾ ಬೆಳಗ್ಗೆ ಮೂರು ಗಂಟೆ ಹೊತ್ತು ಆ ಕೋಣೆಗೆ ಚಿಲಕ. ಹೊರಬಂದವನನ್ನು ಕಂಡರೆ ಲೈಟಿನವರೂ ಮುಖ ತಿರುಗಿಸುತ್ತಿದ್ದರು. ಬಿರಿದು ರಕ್ತ ಒಸರುವ ತುಟಿ. ಕೆರೆದು ಕೆರೆದು ಹುಣ್ಣಾದ ಮೊಣಕೈ. ಜಡೆಗಟ್ಟಿದ ಕೂದಲು, ಒಳಸೇರಿದ ಕೆನ್ನೆ. ಜೊತೆಗೊಂದು ವಾಸನೆ. ಅದನ್ನು ಹೇಗೆ ತಂದಳೆಂದು ಎಷ್ಟು ಕೇಳಿದರೂ ಅಕ್ಕ ಬಾಯಿ ಬಿಟ್ಟಿರಲಿಲ್ಲ.

ಊಟದ ತಟ್ಟೆ ಹೋದ ಹಾಗೇ ಮರಳುತ್ತಿತ್ತು. ಪಾತ್ರಕ್ಕಾಗಿ ಉಪವಾಸ ಎಂದು ನಿರ್ದೇಶಕ ಹೆಮ್ಮೆಯಿಂದ ಹೇಳಿಕೊಂಡು ತಿರುಗಿದ.

“ಮನೇಲಿ ತೊಳ್ಕೋಬೇಡಪ್ಪ, ನಾಳೆಗೂ ಹೀಗೇ ಬೇಕು,” ಎಂದಿದ್ದ ಒಮ್ಮೆ.

“ಅದೇನು ಕಷ್ಟ ಇಲ್ಲ ಸರ್,” ಎಂದಿದ್ದ ನಾಯಕ.

ಅಕ್ಕ ಮಾತ್ರ ಒಂದು ದಿನ ಕೇಳಿದ್ದಳು: “ಒಂದು ವಾರ ರಜಾ ಕೊಡಿ ಸರ್. ಅವನಿಗೆ ಸ್ವಲ್ಪ ವಾಸಿಯಾಗ್ಲಿ.”

“ಬಣ್ಣದ ಗಾಯಕ್ಕೂ ರಜಾನಾ ಅಕ್ಕ?”

ಸೆಟ್ಟಿಗೆ ಸೆಟ್ಟೇ ನಕ್ಕಿತ್ತು.

ಇವತ್ತು ಚಿತ್ರೀಕರಣದ ಕೊನೆಯ ದಿನ. ಉಳಿದಿದ್ದು ಚಿತ್ರದ ಮೊದಲ ದೃಶ್ಯ: ಕಾಯಿಲೆಗೆ ಮುಂಚಿನ ನಾಯಕ ಕಿಟಕಿಯ ಬಳಿ ನಿಂತು ಸೇಬು ಕಚ್ಚಿ ನಗಬೇಕು. ಆ ನಗು ಕಾಣದಿದ್ದರೆ ಮುಂದಿನ ಕೊಳೆತವೆಲ್ಲ ಬರೀ ಅಸಹ್ಯ. ಬಣ್ಣ ಒರೆಸಿದರೆ ಮುಗಿಯಿತಲ್ಲ ಎಂದೇ ನಿರ್ದೇಶಕ ಅದನ್ನು ಕೊನೆಗಿಟ್ಟಿದ್ದ. ಪಾತ್ರಕ್ಕೆ ಆರಿಸಿದಾಗಿನ ಆ ದುಂಡುಮುಖ ಅವನ ಕಣ್ಣಿಗೆ ಕಟ್ಟಿದಂತಿತ್ತು.

ಬಾಗಿಲು ಬಡಿದ. “ಅಕ್ಕ, ಎಬ್ಬಿಸಿ ಅವನನ್ನ. ಮುಖ ತೊಳೆದ್ರೆ ಸಾಕಲ್ವಾ? ಬಿಸಿಲು ನಮಗೋಸ್ಕರ ಕಾಯುತ್ತಾ?”

ಚಿಲಕ ಸರಿಯಿತು. ನಾಯಕ ಕುರ್ಚಿಯಲ್ಲಿ ಮಗುವಿನಂತೆ ಮುದುಡಿ ಮಲಗಿದ್ದ. ಕನ್ನಡಿಗೆ ಬಟ್ಟೆ ಹೊದಿಸಿತ್ತು. ಮೇಜಿನ ಮೇಲೆ ಗಾಯದ ಬಣ್ಣ, ಅಂಟು, ರಬ್ಬರಿನ ಚರ್ಮ. ಒಂದರ ಸೀಲೂ ಒಡೆದಿರಲಿಲ್ಲ.

“ಇವತ್ತು ಇಡೀ ದಿನ ಬೇಕು ಸರ್,” ಎಂದಳು ಅಕ್ಕ, ಮೈಬಣ್ಣದ ಡಬ್ಬದ ಮುಚ್ಚಳ ತಿರುಗಿಸುತ್ತ. “ಇಷ್ಟು ದಿನ ಇಲ್ಲಿ ಅವನನ್ನ ಮಲಗಿಸ್ತಿದ್ದೆ, ಅಷ್ಟೇ. ಮೇಕಪ್ ಬೇಕಾಗಿರೋದು ಇವತ್ತು.”